ಏನೂ ಇಲ್ಲದ್ದನ್ನು ಮಾಡುವ ಮೌನಪ್ಪ

ಬೆಳಗಿನ ಐದೂವರೆ. ತಾರ್ನಾಕದ ಮುಖ್ಯರಸ್ತೆಯಲ್ಲಿ ರಾತ್ರಿ ಪಾಳಿ ಮುಗಿಸಿದ ಕಾಲ್ ಸೆಂಟರ್ ಹುಡುಗರನ್ನು ಮನೆಗೆ ಬಿಡುವ ಬಿಳಿ ಸುಮೋಗಳು ಓಡುತ್ತಿವೆ. ರಸ್ತೆಯಿಂದ ಎರಡು ತಿರುವು ಒಳಗೆ, ತಗಡಿನ ಶೆಡ್ಡೊಂದರಲ್ಲಿ, ಮೌನಪ್ಪ ಸ್ಟೀಲ್ ಕೊಳವೆಯೊಂದರ ಮುಂದೆ ಕುಕ್ಕರಗಾಲಲ್ಲಿ ಕುಳಿತಿದ್ದಾರೆ. ಬಲಗೈಯಲ್ಲಿ ಮಕ್ಕಳು ಚಿತ್ರ ಬಿಡಿಸುವಂಥ ಸಣ್ಣ ಕುಂಚ. ಎಡಗೈಯಲ್ಲಿ ಸ್ಪಿರಿಟ್ ತುಂಬಿದ ಹಳೆಯ ಶಾಯಿ ಬಾಟಲಿ. ಕುಂಚ ಅದ್ದುತ್ತಾರೆ, ಕೊಳವೆಯ ಬೆಸುಗೆಯ ಮೇಲೆ ಒಂದು ಹನಿ ಇಡುತ್ತಾರೆ. ಕಣ್ಣು ಮಾತ್ರ ಹನಿಯ ಮೇಲಿಲ್ಲ. ಅದು ಒಂದು ಮೊಳ ಆಚೆ, ಪಂಪಿನ ಪಕ್ಕದ ಮಾಪಕದ ಮುಳ್ಳಿನ ಮೇಲಿದೆ.

ಹನ್ನೆರಡು ಹನಿಗೆ ಮುಳ್ಳು ಅಲುಗುವುದಿಲ್ಲ. ಹದಿಮೂರನೆಯದಕ್ಕೆ ಕೂದಲೆಳೆಯಷ್ಟು ಸರಿಯುತ್ತದೆ. ಮೌನಪ್ಪ ಕಿವಿಯ ಮೇಲಿನ ಸೀಮೆಸುಣ್ಣ ತೆಗೆದು ಆ ಜಾಗಕ್ಕೆ ಸೊನ್ನೆ ಸುತ್ತುತ್ತಾರೆ. ಗಾಳಿ ಒಳಗೆ ನುಗ್ಗುತ್ತಿರುವುದು ಅಲ್ಲಿಂದ. ಆ ತೂತು ಕಣ್ಣಿಗೆ ಕಾಣುವುದಿಲ್ಲ. ಸೂಜಿಯ ಮೊನೆಯನ್ನು ನೂರು ಪಾಲು ಮಾಡಿದರೆ ಒಂದು ಪಾಲು ಇರಬಹುದು.

"ಈ ಕೆಲ್ಸಕ್ಕ ನಸುಕಾನ ಆಗಬೇಕ್ರಿ. ಆರೂವರೆ ಆತಂದ್ರ ಎದುರಿನ ಹಿಟ್ಟಿನ ಗಿರಣಿ ಚಾಲೂ ಆಗತೈತಿ. ಮುಳ್ಳು ಕುಣಿಯಾಕ ಹತ್ತತೈತಿ. ಅದು ಸೋರಿ ಕುಣಿಯಾಕತ್ತೈತೋ ಗಿರಣಿಗೆ ಕುಣಿಯಾಕತ್ತೈತೋ, ಯಾರಿಗ್ ಗೊತ್ತ?"

ಐವತ್ತೆರಡು ವರ್ಷದ ಮೌನಪ್ಪ ವ್ಯಾಕ್ಯೂಮ್ ಪಂಪ್ ರಿಪೇರಿ ಮಾಡುವವರು. ಪಾತ್ರೆಯೊಂದರ ಒಳಗಿನ ಗಾಳಿಯನ್ನೆಲ್ಲ ಹೀರಿ ತೆಗೆಯುವ ಯಂತ್ರ ಅದು. ನಗರದ ಪಶ್ಚಿಮಕ್ಕೆ ಎದ್ದಿರುವ ಗಾಜಿನ ಕಟ್ಟಡಗಳಲ್ಲಿ ಸಾಫ್ಟ್‌ವೇರಿನವರು ತಣ್ಣಗೆ ಕೂರಬೇಕಾದರೆ ಎ.ಸಿ. ಕೊಳವೆಗಳಿಗೆ ಗ್ಯಾಸ್ ತುಂಬಬೇಕು. ತುಂಬುವ ಮುಂಚೆ ಒಳಗಿನ ಗಾಳಿ ತೆಗೆಯಬೇಕು. ತೆಗೆಯುವ ಪಂಪು ಕೆಟ್ಟರೆ ಮೌನಪ್ಪನ ಶೆಡ್ಡಿಗೆ ಬರುತ್ತದೆ. ದಿನಕ್ಕೆ ಮೂರು ಪಂಪು, ಬೇಸಿಗೆಯಲ್ಲಿ ಐದು. ಅವರ ಹೆಂಡತಿ ಪಾರ್ವತೆಮ್ಮ ಶೆಡ್ಡಿನ ಹಿಂದಿನ ಮನೆಯಲ್ಲಿ, ನಮ್ಮ ರಾಯಚೂರು ಕಡೆಯಿಂದ ಬಂದ ಗಾರೆ ಕೆಲಸದವರಿಗಾಗಿ ದಿನಾ ಇನ್ನೂರು ಜೋಳದ ರೊಟ್ಟಿ ಬಡಿಯುತ್ತಾರೆ. ಗಂಡನ ಕಸುಬನ್ನು ಅವರು ಬಣ್ಣಿಸುವ ರೀತಿ ಬೇರೆ.

"ಮಂದಿ ಗಂಡಸ್ರು ಏನಾರ ಒಂದು ಮಾಡ್ತಾರ್ರಿ. ಮನಿ ಕಟ್ತಾರ, ಕುರ್ಚಿ ಮಾಡ್ತಾರ. ನಮ್ಮವ್ರು ಏನೂ ಇಲ್ಲದ್ದು ಮಾಡ್ತಾರ. ಮೂವತ್ತು ವರ್ಷ ಆತು, ಒಂದು ಡಬ್ಬಿಯಾಗ ಏನೂ ಇರಬಾರದು ಅಂತ ಹೊಡದಾಡಾಕತ್ತಾರ. ನಮ್ಮ ಅಡಗಿ ಮನಿ ಡಬ್ಬಿ ತಂದುಕೊಟ್ರ ನಾ ಪುಗಸಟ್ಟೆ ಮಾಡಿಕೊಡ್ತಿದ್ದೆ."

ಮೌನಪ್ಪ ನಗುತ್ತಾರೆ. ಈ ಮಾತನ್ನು ಅವರು ಮೊದಲ ಸಲ ಕೇಳುತ್ತಿಲ್ಲ.

ದಿನಾ ಆರೂಮುಕ್ಕಾಲಿಗೆ ಅವರು ಸೋಪಿನ ಪುಡಿಯಲ್ಲಿ ಕೈ ತೊಳೆದು, ಉಗುರಿನ ಸಂದಿಯ ಎಣ್ಣೆಯನ್ನು ಹಳೆಯ ಟೂತ್‌ಬ್ರಷ್ಷಿನಿಂದ ಉಜ್ಜಿ, ಮೂಲೆಯ ಇಂಟರ್‌ನೆಟ್ ಸೆಂಟರಿಗೆ ಹೊರಡುತ್ತಾರೆ. ಅದು ತೆರೆಯುವುದು ಒಂಬತ್ತಕ್ಕೆ. ಆದರೆ ಒಡತಿ ಯಮುನಾಬಾಯಿ ಇವರೊಬ್ಬರಿಗಾಗಿ ಶಟರ್ ಅರ್ಧ ಎತ್ತುತ್ತಾರೆ. ಬೀದರ್ ಕಡೆಯ ಹೆಂಗಸು, ಬಾಯಿ ಜೋರು.

"ಬಂದ್ರಿ? ನಿಮ್ಮ ಸೂರ್ಯ ಹುಟ್ಟಿದ್ನೇನ್ರಿ?"

"ಇನ್ನಾ ದಿನ ತುಂಬಿಲ್ರಿ ಬಾಯಾರ."

ಮೂರನೇ ಕಂಪ್ಯೂಟರ್ ಅವರ ಕಾಯಂ ಜಾಗ. ಎರಡೇ ಬೆರಳಲ್ಲಿ ಪಾಸ್‌ವರ್ಡ್ ಒತ್ತುತ್ತಾರೆ. ತೆರೆಯ ಮೇಲೆ ಮೂಡುವುದು 'ಟೇಬಲ್ ಸನ್' ಎಂಬ ತಾಣ. ಮೂವತ್ತೊಂದು ದೇಶಗಳ ಆರುನೂರ ನಲವತ್ತು ಮಂದಿ ಅಲ್ಲಿ ಸೇರಿದ್ದಾರೆ. ಬಡಗಿ, ದಂತವೈದ್ಯ, ನಿವೃತ್ತ ಮೇಷ್ಟ್ರು, ಲಾರಿ ಚಾಲಕ, ಕಾಲೇಜು ವಿದ್ಯಾರ್ಥಿಗಳು. ಎಲ್ಲರ ಹುಚ್ಚೂ ಒಂದೇ: ಸೂರ್ಯನೊಳಗೆ ಉರಿಯುವ ಬೆಂಕಿಯನ್ನು ಮೇಜಿನ ಮೇಲೆ, ಫುಟ್‌ಬಾಲ್ ಗಾತ್ರದ ಸ್ಟೀಲ್ ಉಂಡೆಯೊಳಗೆ, ಒಂದು ಗಳಿಗೆಯಾದರೂ ಹೊತ್ತಿಸಬೇಕು.

ಸೂರ್ಯನಲ್ಲಿ ಮರ, ಎಣ್ಣೆ ಸುಡುವುದಿಲ್ಲ. ಅತಿ ಹಗುರವಾದ ಎರಡು ಪರಮಾಣುಗಳ ತಿರುಳು ಒಂದಕ್ಕೊಂದು ಢಿಕ್ಕಿ ಹೊಡೆದು ಬೆಸೆದುಕೊಳ್ಳುತ್ತದೆ. ಆಗ ಶಕ್ತಿ ಹೊಮ್ಮುತ್ತದೆ. ಇದನ್ನೇ ಭೂಮಿಯ ಮೇಲೆ ಮಾಡಿ ವಿದ್ಯುತ್ ತೆಗೆಯಬೇಕೆಂದು ದೊಡ್ಡ ದೇಶಗಳು ಊರಷ್ಟು ದೊಡ್ಡ ಯಂತ್ರ ಕಟ್ಟಲು ಹೊರಟಿವೆ. ಟೇಬಲ್ ಸನ್‌ನವರಿಗೆ ವಿದ್ಯುತ್ತಿನ ಆಸೆಯಿಲ್ಲ. ಅವರ ಉಂಡೆ ನುಂಗುವ ಕರೆಂಟಿನ ಮುಂದೆ ಅದು ಕೊಡುವುದು ಏನೇನೂ ಅಲ್ಲ. "ಅದ್ರಾಗ ಒಂದು ಕಪ್ ಚಾ ಸೈತ ಕಾಸಾಕ ಆಗಂಗಿಲ್ರಿ" ಎನ್ನುತ್ತಾರೆ ಮೌನಪ್ಪ. ಬೆಸುಗೆ ನಡೆದದ್ದಕ್ಕೆ ಸಾಕ್ಷಿಯಾಗಿ ನ್ಯೂಟ್ರಾನ್ ಎಂಬ ಕಣ ಹೊರಬೀಳುತ್ತದೆ. ಅದನ್ನು ಎಣಿಸಿ ತೋರಿಸಿದವರ ಹೆಸರು ತಾಣದ 'ಕಂಡವರ ಪಟ್ಟಿ'ಗೆ ಸೇರುತ್ತದೆ. ಈವರೆಗೆ ಪಟ್ಟಿಯಲ್ಲಿರುವುದು ಇಪ್ಪತ್ತೆಂಟು ಹೆಸರು.

ಇದಕ್ಕೆಲ್ಲ ಮೊದಲು ಉಂಡೆಯೊಳಗಿನ ಗಾಳಿ ಹೋಗಬೇಕು. ಲಕ್ಷ ಪಾಲಿನಲ್ಲಿ ಒಂದು ಪಾಲು ಉಳಿದರೆ ಸರಿ, ಹತ್ತು ಪಾಲು ಉಳಿದರೆ ಆಟ ಮುಗಿಯಿತು. ಪುಸ್ತಕ ಓದಿದವರೆಲ್ಲ ಮುಗ್ಗರಿಸುವುದು ಇಲ್ಲೇ. ದಿನಾ ಬೆಳಿಗ್ಗೆ ಹನ್ನೊಂದೋ ಹದಿನಾಲ್ಕೋ ಪ್ರಶ್ನೆಗಳು ಮೌನಪ್ಪನಿಗಾಗಿ ಕಾಯುತ್ತಿರುತ್ತವೆ. ಪಟ್ಟಿಯ ಇಪ್ಪತ್ತೆಂಟರಲ್ಲಿ ಹತ್ತೊಂಬತ್ತು ಮಂದಿ ಒಂದಲ್ಲ ಒಂದು ದಿನ ಇವರನ್ನು ಕೇಳಿ ಸೋರಿಕೆ ಹುಡುಕಿಕೊಂಡವರು.

ಫಿನ್ಲೆಂಡಿನ ಬಡಗಿಯೊಬ್ಬರು ಮೂರು ತಿಂಗಳು ಹೊರಗಿನಿಂದ ಹುಡುಕಿ ಸೋತಿದ್ದರು. ಮೌನಪ್ಪ ಉಂಡೆಯ ಫೋಟೋ ತರಿಸಿಕೊಂಡು ನೋಡಿದರು. ಸೋರಿಕೆ ಹೊರಗಿನಿಂದ ಇರಲೇ ಇಲ್ಲ. ಒಳಗಡೆ ಬಿಗಿದ ಬೋಲ್ಟಿನ ತಳದಲ್ಲಿ ಸಾಸಿವೆಯಷ್ಟು ಗಾಳಿ ಸಿಕ್ಕಿಬಿದ್ದು, ಗಂಟೆಗಟ್ಟಲೆ ತುಸುತುಸುವೇ ಹೊರಬರುತ್ತಿತ್ತು. ಬೋಲ್ಟಿನ ಮೈಗೆ ಅರದಿಂದ ಉದ್ದಕ್ಕೆ ಒಂದು ಗೀರು ಎಳೆಯಿರಿ, ಗಾಳಿಗೆ ದಾರಿ ಸಿಗುತ್ತದೆ ಎಂದು ಬರೆದರು. ಅವರ ಇಂಗ್ಲಿಷ್ ಏಳನೇ ಇಯತ್ತೆಯದು. ಮೂರು ಪದಕ್ಕಿಂತ ಉದ್ದದ ವಾಕ್ಯ ಅಪರೂಪ. 'ಏರ್ ಸಿಟ್ಟಿಂಗ್ ಇನ್‌ಸೈಡ್' ಎಂದು ಬರೆದಿದ್ದರು, 'ಗಾಳಿ ಒಳಗ ಕುಂತೈತಿ' ಎನ್ನುವ ಲೆಕ್ಕದಲ್ಲಿ. ಯಾರೂ ತಿದ್ದಲಿಲ್ಲ. ಈಗ ಕೆನಡಾದ ದಂತವೈದ್ಯರೂ ತಮ್ಮ ಉಂಡೆಯಲ್ಲಿ ಗಾಳಿ ಕುಂತಿದೆಯೆಂದೇ ಬರೆಯುತ್ತಾರೆ.

ಮೌನಪ್ಪ ಲಿಂಗಸೂಗೂರು ತಾಲೂಕಿನವರು, ಮುದಗಲ್ಲಿನ ಹತ್ತಿರದ ಹಳ್ಳಿ. ಎಪ್ಪತ್ತಾರನೇ ಇಸವಿಯಲ್ಲಿ ಗಾರೆ ಕೆಲಸದ ಗುಂಪಿನ ಜೊತೆ ಲಾರಿಯಲ್ಲಿ ಗಡಿ ದಾಟಿ ಈ ನಗರಕ್ಕೆ ಬಂದರು. ಕಾಚಿಗೂಡದ ಒಂದು ಕೋಣೆಯಲ್ಲಿ ಒಂಬತ್ತು ಮಂದಿ. ಮೊದಲ ಕೆಲಸ ಹಣ್ಣಿನ ಕೋಲ್ಡ್ ಸ್ಟೋರೇಜ್ ಕಟ್ಟಡಕ್ಕೆ ಕಲ್ಲು ಹೊರುವುದು. ಕಟ್ಟಡ ಮುಗಿದು ಕೂಲಿಯವರೆಲ್ಲ ಮುಂದಿನ ಸೈಟಿಗೆ ಹೋದರೂ ಇವರು ಹೋಗಲಿಲ್ಲ. ಯಂತ್ರ ಕೂರಿಸಲು ಬಂದ ಮೇಸ್ತ್ರಿ ಬರೀ ಕೊಳವೆಯಿಂದ ಚಳಿ ಹುಟ್ಟಿಸುವುದನ್ನು ನೋಡುತ್ತ ನಿಂತುಬಿಟ್ಟರು. "ಹೊರಗ ಬೆಂಕಿಯಂಥ ಬಿಸಿಲು. ಒಳಗ ನನ್ನ ಹಲ್ಲು ಕಟಕಟ ಅನ್ನಾಕ ಹತ್ತಿದ್ವು. ಇದನ್ನ ಕಲೀಬೇಕು ಅನಿಸ್ತು." ನಾಲ್ಕು ವರ್ಷ ಆ ಮೇಸ್ತ್ರಿಯ ಹಿಂದೆ ಸ್ಪಾನರ್ ಹೊತ್ತರು. ಆಮೇಲೆ ವಿಶ್ವವಿದ್ಯಾಲಯದ ಪ್ರಯೋಗಾಲಯಗಳ ಪಂಪುಗಳು ಕೈಗೆ ಬಂದವು. ಅಲ್ಲಿ ಗಾಜು ಊದುವ ಮುದುಕರೊಬ್ಬರು ಕಲಿಸಿದ ಪಾಠ ಇವತ್ತಿಗೂ ಶೆಡ್ಡಿನ ಕಾನೂನು: ಒಳಮೈಯನ್ನು ಬರಿಗೈಯಲ್ಲಿ ಮುಟ್ಟಬಾರದು. ಬೆರಳಿನ ಜಿಡ್ಡು ಒಂದು ವಾರ ಗಾಳಿ ಬಿಡುತ್ತಿರುತ್ತದೆ.

ಅವರ ಇನ್ನೊಂದು ಅಭ್ಯಾಸವೂ ಆ ಕಾಲದ್ದೇ. ಎಲ್ಲಿ ಕೆಲಸ ಮುಗಿಸಿದರೂ ನೆಲದ ಮೇಲೆ ಹರಡಿದ ತಂತಿಗಳನ್ನೆಲ್ಲ ಒಟ್ಟು ಮಾಡಿ, ಬಟ್ಟೆಯ ಪಟ್ಟಿಯಿಂದ ಒಂದೇ ಕಂತೆಯಾಗಿ ಕಟ್ಟುತ್ತಾರೆ. ಕೋಲ್ಡ್ ಸ್ಟೋರೇಜಿನಲ್ಲಿ ಒಬ್ಬ ತಂತಿ ತೊಡರಿ ಬಿದ್ದು ಕಾಲು ಮುರಿದುಕೊಂಡದ್ದನ್ನು ಕಂಡವರು. ಈ ಅಚ್ಚುಕಟ್ಟುತನ ಮುಂದೆ ಅವರನ್ನು ಎಲ್ಲಿಗೆ ಒಯ್ಯಿತೆಂಬುದೇ ಈ ವರ್ಷದ ಕಥೆ.

ಟೇಬಲ್ ಸನ್‌ಗೆ ಅವರನ್ನು ಕರೆತಂದವರು ಗುಣವತಿ. ರಾಯಚೂರಿನವರು, ನಗರದ ಖಾಸಗಿ ಮಹಿಳಾ ಕಾಲೇಜೊಂದರಲ್ಲಿ ಭೌತಶಾಸ್ತ್ರ ಕಲಿಸುತ್ತಾರೆ. ನಾಲ್ಕು ವರ್ಷದ ಹಿಂದೆ ಕೆಟ್ಟ ಪಂಪೊಂದನ್ನು ಆಟೋದಲ್ಲಿಟ್ಟುಕೊಂಡು ಶೆಡ್ಡಿಗೆ ಬಂದರು. "ಇಷ್ಟು ಗಾಳಿ ತಗದು ಏನ್ ಮಾಡ್ತೀರಿ ಮೇಡಂ ಅಂತ ಕೇಳಿದ್ರು ಇವ್ರು. ಸೂರ್ಯನ್ನ ಮಾಡ್ತೀವಿ ಅಂದೆ. ನಗ್ತಾರ ಅನ್ಕೊಂಡಿದ್ದೆ. ಎಷ್ಟು ದೊಡ್ಡದು ಅಂತ ಕೇಳಿದ್ರು!" ಎಂದು ಗುಣವತಿ ನೆನೆಯುತ್ತಾರೆ.

ಕಾಲೇಜಿನ ಹಳೆಯ ಸಾಮಾನಿನ ಕೋಣೆಯಲ್ಲಿ ಅವರ ಉಂಡೆ ಎದ್ದಿತು. ಎರಡು ಸ್ಟೀಲ್ ಬೋಗುಣಿಗಳನ್ನು ಬಾಯಿಗೆ ಬಾಯಿ ಇಟ್ಟು ಬೆಸೆದದ್ದು. ಗುಜರಿಯ ಎಕ್ಸ್-ರೇ ಯಂತ್ರದಿಂದ ತಂದ ಟ್ರಾನ್ಸ್‌ಫಾರ್ಮರ್. ಅಬಿಡ್ಸ್ ಪೇಟೆಯಲ್ಲಿ ಕೊಂಡ ಮೇಣವನ್ನು ಪಾರ್ವತೆಮ್ಮನ ಒಲೆಯ ಮೇಲೆ ಕರಗಿಸಿ, ಅದರೊಳಗೆ ಹುದುಗಿಸಿದ ನ್ಯೂಟ್ರಾನ್ ಎಣಿಸುವ ಕೊಳವೆ. ಸುತ್ತ ಸೀಸದ ತಗಡು. ಉಂಡೆಯೊಳಗೆ ಬೆಸೆಯಲು ಬೇಕಾದ ವಿಶೇಷ ಜಲಜನಕಕ್ಕೆ ಪರವಾನಗಿ ಸಿಗಲು ಹದಿನಾಲ್ಕು ತಿಂಗಳು ಹಿಡಿಯಿತು. ಸಿಕ್ಕಿದ್ದು ನೀರಿನ ಬಾಟಲಿಯಷ್ಟು ದೊಡ್ಡ ಸಿಲಿಂಡರ್. ಎರಡು ಓಟಕ್ಕೆ, ಅಂದರೆ ಉಂಡೆಯನ್ನು ಎರಡು ಸಲ ಹೊತ್ತಿಸಲು ಸಾಕು, ಮೂರನೆಯದಕ್ಕೆ ಇಲ್ಲ. ಅಷ್ಟರಲ್ಲಿ ಕಾಲೇಜಿನ ಆಡಳಿತದವರು ಇನ್ನೊಂದು ಮಾತು ತೆಗೆದರು: ಜೂನ್ ಒಳಗೆ ಕೋಣೆ ಖಾಲಿ ಮಾಡಿ, ಅಲ್ಲಿ ಕಂಪ್ಯೂಟರ್ ಲ್ಯಾಬ್ ಬರಬೇಕು.

ಕಳೆದ ಫೆಬ್ರವರಿಯ ಒಂದು ಶನಿವಾರ ಮೊದಲ ಓಟ. ತಾಣದ ಕಟ್ಟಳೆಯೊಂದಿದೆ. ಮೊದಲು 'ಖಾಲಿ ಓಟ' ಮಾಡಬೇಕು, ಅಂದರೆ ವಿಶೇಷ ಜಲಜನಕದ ಬದಲು ಬರೀ ಗಾಳಿಯನ್ನು ಎಳೆಯಷ್ಟು ಬಿಟ್ಟು ಎಣಿಸಬೇಕು. ಆಗ ಬಂದದ್ದು ನಿಮಿಷಕ್ಕೆ ನಾಲ್ಕು. ಆ ನಾಲ್ಕು ಎಲ್ಲೆಲ್ಲೂ ಇರುವಂಥದ್ದು, ಆಕಾಶದಿಂದ ಬರುವಂಥದ್ದು. ಊಟ ಮುಗಿಸಿ ಬಂದು ನಿಜವಾದ ಓಟ ಮಾಡಿದರು. ಉಂಡೆಯೊಳಗೆ ಕನಕಾಂಬರ ಬಣ್ಣದ ಬೆಳಕು ಮೂಡಿತು. ಎಣಿಕೆ ನಾಲ್ಕರಿಂದ ಐವತ್ತೆರಡಕ್ಕೆ ಹಾರಿತು.

ಗುಣವತಿ ಅತ್ತರು. ಸಂಜೆಯೊಳಗೆ ಸುದ್ದಿ ತಾಣಕ್ಕೆ ಹೋಯಿತು. ಪಟ್ಟಿ ನೋಡಿಕೊಳ್ಳುವ ಸ್ಕಾಟ್ಲೆಂಡಿನ ನಿವೃತ್ತ ಮೇಷ್ಟ್ರು ಇಪ್ಪತ್ತೆಂಟನೆಯ ಸಾಲಿನಲ್ಲಿ ಇಬ್ಬರ ಹೆಸರನ್ನೂ ಬರೆದರು. ಆ ಪಟ್ಟಿಗೆ ನಮ್ಮ ದೇಶದಿಂದ ಸೇರಿದ ಮೊದಲ ಹೆಸರುಗಳು. ಸೋಮವಾರ ಆಡಳಿತದವರು ಕೋಣೆ ನಿಮ್ಮದೇ ಎಂದರು. ಸನ್ಮಾನದ ದಿನ ಗೊತ್ತಾಯಿತು. ಮೌನಪ್ಪನ ಮುಖವಿರುವ ಹತ್ತಡಿ ಫ್ಲೆಕ್ಸ್ ಅಚ್ಚಾಯಿತು.

ಬುಧವಾರ ಬೆಳಿಗ್ಗೆ ತಮ್ಮ ಪಂಪನ್ನು ವಾಪಸ್ ತರಲು ಮೌನಪ್ಪ ಆ ಕೋಣೆಗೆ ಹೋದರು. ಕಾವಲುಗಾರ ಬೀಗ ತೆಗೆದು ಹೊರಗೆ ನಿಂತ. ಒಳಗೆ ಒಬ್ಬರೇ. ನೆಲದ ಮೇಲೆ ತಮ್ಮದೇ ಕೈಯ ಗಂಟು ಕಂಡಿತು. ಖಾಲಿ ಓಟಕ್ಕೂ ನಿಜವಾದ ಓಟಕ್ಕೂ ನಡುವೆ, ಎಲ್ಲರೂ ಊಟಕ್ಕೆ ಹೋಗಿದ್ದಾಗ, ಅವರು ನೆಲದ ತಂತಿಗಳನ್ನೆಲ್ಲ ಎಂದಿನಂತೆ ಒಂದೇ ಕಂತೆ ಮಾಡಿ ಕಟ್ಟಿದ್ದರು. ಇಪ್ಪತ್ತು ಸಾವಿರ ವೋಲ್ಟ್ ಹರಿಯುವ ತಂತಿ ಮತ್ತು ಎಣಿಸುವ ಕೊಳವೆಯ ತೆಳು ತಂತಿ, ಎರಡೂ ಒಂದೇ ಗಂಟಿನಲ್ಲಿ ಮೈಗೆ ಮೈ ತಾಗಿ ಮಲಗಿದ್ದವು.

"ಗಿರಣಿ ನೆನಪಾತ್ರಿ" ಎನ್ನುತ್ತಾರೆ. "ದೊಡ್ಡ ತಂತಿ ಕಿಡಿ ಹಾರಿಸಿದಾಗೊಮ್ಮೆ ಬಾಜೂಕಿನ ಸಣ್ಣ ತಂತಿ ಬೆದರಿರಬೇಕು. ಅದು ಬೆದರಿದ್ದನ್ನ ನಾವು ಸೂರ್ಯ ಅಂತ ಎಣಿಸಿರಬೇಕು."

ಗಂಟು ಬಿಚ್ಚಿ, ಪಂಪು ಹೊತ್ತು ಮನೆಗೆ ಹೋಗಬಹುದಿತ್ತು. ನೋಡಿದವರು ಯಾರೂ ಇರಲಿಲ್ಲ. ಗಂಟನ್ನು ಮುಟ್ಟದೆ ಅವರು ಕಾವಲುಗಾರನ ಕೋಣೆಯಿಂದ ಗುಣವತಿಯವರಿಗೆ ಫೋನ್ ಮಾಡಿದರು.

ಮೇಡಂ ಬಂದರು, ಗಂಟು ನೋಡಿದರು. ಇಬ್ಬರೂ ಇನ್ನೊಮ್ಮೆ ಖಾಲಿ ಓಟ ಮಾಡಿದರು, ಈ ಸಲ ಗಂಟನ್ನು ಹಾಗೇ ಇಟ್ಟು, ಸಿಲಿಂಡರಿನ ಬಾಯಿ ಮುಚ್ಚಿ. ಬರೀ ಗಾಳಿಗೇ ಎಣಿಕೆ ನಲವತ್ತೊಂಬತ್ತು.

"ನಾನಽ ಹೇಳಿದೆ," ಎಂದು ಗುಣವತಿ ಒಪ್ಪಿಕೊಳ್ಳುತ್ತಾರೆ. "ಮೌನಪ್ಪನವ್ರ, ಸನ್ಮಾನ ಒಂದು ಮುಗೀಲಿ. ಕೋಣೆ ಉಳೀತೈತಿ. ಆಮ್ಯಾಲ ಇನ್ನೊಂದು ಓಟ ಮಾಡಿ ಸರಿ ಮಾಡೋಣು ಅಂತ. ಮೂವತ್ತು ಹುಡುಗ್ಯಾರ ಪ್ರಾಜೆಕ್ಟ್ ಇತ್ರಿ ಆ ಕೋಣ್ಯಾಗ. ಮೌನಪ್ಪನವ್ರು ಏನಂದ್ರು ಗೊತ್ತೇನ್ರಿ? ಮೇಡಂ, ಸೋರೋ ಜಾಗದ ಮ್ಯಾಲ ಬಣ್ಣ ಬಳದ್ರ ಸೋರೂದು ನಿಲ್ಲಂಗಿಲ್ಲ ಅಂದ್ರು."

ತಾಣಕ್ಕೆ ಬರೆಯುವುದನ್ನು ಮೌನಪ್ಪ ಮೇಡಂಗೆ ಬಿಡಲಿಲ್ಲ. ಮರುದಿನ ಬೆಳಿಗ್ಗೆ ಮೂರನೇ ಕಂಪ್ಯೂಟರಿನ ಮುಂದೆ ಕೂತು, ತಮ್ಮದೇ ಇಂಗ್ಲಿಷಿನಲ್ಲಿ, ನಾಲ್ಕು ಸಾಲು ಒತ್ತಿದರು. ತಂತಿ ಕಟ್ಟಿದ್ದು ನಾನು. ಬಂದದ್ದು ನ್ಯೂಟ್ರಾನ್ ಅಲ್ಲ. ಮೇಡಂ ತಪ್ಪಿಲ್ಲ. ಹೆಸರು ತೆಗೆಯಿರಿ. ಅದಕ್ಕೆ ಒಂದು ಗಂಟೆ ಹಿಡಿಯಿತು ಎಂದು ಯಮುನಾಬಾಯಿ ಹೇಳುತ್ತಾರೆ. "ಅವತ್ತು ಸೂರ್ಯ ಹುಟ್ಟಿದ್ನೇನು ಅಂತ ನಾ ಕೇಳ್ಲಿಲ್ರಿ. ಮಾರಿ ನೋಡೇ ಗೊತ್ತಾತ್ರಿ."

ಇಪ್ಪತ್ತೆಂಟನೆಯ ಸಾಲಿನ ಮೇಲೆ ಗೀಟು ಬಿತ್ತು. ಸನ್ಮಾನ ರದ್ದಾಯಿತು. ಕೋಣೆ ಮೇ ಕೊನೆಗೆ ಖಾಲಿಯಾಗಬೇಕೆಂದು ಮತ್ತೆ ಕಾಗದ ಬಂತು. ಅಚ್ಚಾದ ಫ್ಲೆಕ್ಸನ್ನು ಪಾರ್ವತೆಮ್ಮ ಕೇಳಿ ತಂದು ಶೆಡ್ಡಿನ ಸೋರುವ ತಗಡಿನ ಮೇಲೆ ಹೊದಿಸಿದ್ದಾರೆ, ಮುಖ ಕೆಳಗೆ ಬರುವಂತೆ. ಪಂಪಿನ ಮುಂದೆ ಕೂತವರು ತಲೆಯೆತ್ತಿದರೆ ಎರಡು ತಗಡುಗಳ ಸಂದಿಯಲ್ಲಿ ಮೌನಪ್ಪನ ಮೀಸೆ ಕಾಣುತ್ತದೆ. "ಸನ್ಮಾನ ಆಗಿದ್ರ ಒಂದ್ ತಾಸು ಬೀದ್ಯಾಗ ನಿಲ್ತಿತ್ತು. ಈಗ ಮಳಿಗಾಲ ಪೂರ್ತಿ ಕೆಲ್ಸ ಮಾಡತೈತಿ" ಎಂದು ಪಾರ್ವತೆಮ್ಮ ಒಳಗಿನಿಂದಲೇ ಕೂಗುತ್ತಾರೆ.

ಅತ್ತ ತಾಣದಲ್ಲಿ ನಾಲ್ಕು ದಿನ ಗಲಿಬಿಲಿ. ಆಮೇಲೆ ಕೆನಡಾದ ದಂತವೈದ್ಯರು ತಮ್ಮ ನೆಲಮಾಳಿಗೆಗೆ ಇಳಿದು ತಮ್ಮ ತಂತಿಗಳನ್ನು ನೋಡಿದರು. ಅವರೂ ಕಟ್ಟಿದ್ದರು, ಪ್ಲಾಸ್ಟಿಕ್ ಪಟ್ಟಿಯಲ್ಲಿ. ಬಿಚ್ಚಿ ಎಣಿಸಿದರೆ ಅವರ ಮೂವತ್ತು ಎನ್ನುವುದು ಐದಕ್ಕೆ ಇಳಿಯಿತು. ಎರಡು ವರ್ಷದಿಂದ ಪಟ್ಟಿಯಲ್ಲಿದ್ದ ಹೆಸರನ್ನು ಅವರೇ ತೆಗೆಸಿದರು. ಈಗ ತಾಣದಲ್ಲಿ ಹೊಸ ಕಟ್ಟಳೆ ಬಂದಿದೆ. ನಿಜವಾದ ಓಟ ಮುಗಿದ ಮೇಲೂ, ಒಂದು ತಂತಿಯನ್ನೂ ಮುಟ್ಟದೆ, ಇನ್ನೊಂದು ಖಾಲಿ ಓಟ ಮಾಡಬೇಕು. ಎರಡು ತಂತಿಗಳ ನಡುವೆ ಕನಿಷ್ಠ ಎರಡು ಗೇಣು ಅಂತರವಿರಬೇಕು. ಆರುನೂರ ನಲವತ್ತು ಮಂದಿ ಇದನ್ನು 'ತಾರ್ನಾಕ ರೂಲ್' ಎಂದು ಕರೆಯುತ್ತಾರೆ. ಗೇಣು ಎಂದರೇನು ಎಂದು ಕೇಳಿದವರಿಗೆ ಮೌನಪ್ಪ ಚಾಚಿದ ಕೈಯ ಫೋಟೋ ಕಳಿಸಿದ್ದಾರೆ. ಕೈ ಪಾರ್ವತೆಮ್ಮನದು. ತಮ್ಮ ಉಗುರು ಕಪ್ಪಗಿದೆ ಎಂದು ಇವರಿಗೆ ನಾಚಿಕೆ.

ಮೇ ಇಪ್ಪತ್ತೆಂಟು, ಭಾನುವಾರ, ಎರಡನೆಯ ಮತ್ತು ಕೊನೆಯ ಓಟ. ಗೋಡೆಗೆ ಒರಗಿಸಿಟ್ಟ ಹೊಸ ಕಂಪ್ಯೂಟರುಗಳ ಡಬ್ಬಗಳ ನಡುವೆ ಉಂಡೆ. ಮೌನಪ್ಪ ಹಿಂದಿನ ದಿನವೇ ಎಲ್ಲ ಬೆಸುಗೆಗೂ ಹನಿ ಇಟ್ಟು ನೋಡಿದ್ದರು. ತಂತಿಗಳನ್ನು ಕೋಣೆಯ ಎರಡು ಗೋಡೆಗಳ ಉದ್ದಕ್ಕೆ, ಬೇರೆ ಬೇರೆಯಾಗಿ ಹರಡಿ, ಕೈ ಹಿಂದೆ ಕಟ್ಟಿಕೊಂಡು ನಿಂತರು. "ಕೈ ತಾನಽ ಕಟ್ಟಾಕ ಹೋಗ್ತಿತ್ರಿ. ಅದಕ್ಕ ಕೈಯನ್ನೇ ಕಟ್ಕೊಂಡೆ."

ಖಾಲಿ ಓಟ, ನಾಲ್ಕು. ನಿಜವಾದ ಓಟ, ಹದಿಮೂರು. ಮತ್ತೆ ಖಾಲಿ ಓಟ, ನಾಲ್ಕು.

ಐವತ್ತೆರಡರ ಮುಂದೆ ಹದಿಮೂರು ಸಣ್ಣದು. ಆದರೆ ಸಿಲಿಂಡರಿನಲ್ಲಿದ್ದ ಕಡೆಯ ಅನಿಲ ಮುಗಿಯುವವರೆಗೆ, ಇಪ್ಪತ್ತೆರಡು ನಿಮಿಷ, ಅದು ಹನ್ನೆರಡಕ್ಕಿಂತ ಕೆಳಗೆ ಇಳಿಯಲಿಲ್ಲ. ಈ ಸಲ ಗುಣವತಿ ಅಳಲಿಲ್ಲ, ತಂತಿಗಳ ಫೋಟೋ ತೆಗೆದರು. ಮೂರು ದಿನದ ನಂತರ ಕೋಣೆ ಕಂಪ್ಯೂಟರುಗಳಿಗೆ ಹೋಯಿತು. ಉಂಡೆ ಈಗ ಗ್ರಂಥಾಲಯದ ಪಡಸಾಲೆಯ ಗಾಜಿನ ಕಪಾಟಿನಲ್ಲಿದೆ. ಪ್ರತಿ ಶನಿವಾರ ಮೌನಪ್ಪ ಪಂಪು ಹೊತ್ತು ಹೋಗಿ ಅದರ ಗಾಳಿ ತೆಗೆದು ಬರುತ್ತಾರೆ. ಹೊಸ ಪರವಾನಗಿಗೆ ಅರ್ಜಿ ಹೋಗಿದೆ. ಅಲ್ಲಿಯವರೆಗೆ ಒಳಗೆ ಗಾಳಿ ಕೂರಬಾರದು. ಹುಡುಗಿಯರು ಸುತ್ತ ನಿಂತು ನೋಡುತ್ತಾರೆ. ಅವರಲ್ಲಿ ಇಬ್ಬರು ಸ್ಪಿರಿಟ್ ಹನಿ ಇಡಲು ಕಲಿತಿದ್ದಾರೆ. ಆ ಇಬ್ಬರು ನೌಕರಿಗೆ ಹೋಗುವ ಮುಂಚೆ ಒಮ್ಮೆಯಾದರೂ ಆ ಬೆಳಕು ನೋಡಲಿ ಎನ್ನುವುದಷ್ಟೇ ಮೌನಪ್ಪನ ಆಸೆ.

ಮಾತು ಮುಗಿಯುವ ಹೊತ್ತಿಗೆ ಎದುರಿನ ಗಿರಣಿ ಶುರುವಾಗುತ್ತದೆ. ಮಾಪಕದ ಮುಳ್ಳು ನಡುಗುತ್ತದೆ. ಮೌನಪ್ಪ ಅದರ ಸ್ವಿಚ್ ಆರಿಸಿ, ಕುಂಚ ಒರೆಸಿ, ಶಾಯಿ ಬಾಟಲಿಯ ಮುಚ್ಚಳ ತಿರುಗಿಸುತ್ತಾರೆ. ಕಳೆದ ವಾರ ಸ್ಕಾಟ್ಲೆಂಡಿನ ಮೇಷ್ಟ್ರು ಅವರಿಗೆ ಬರೆದಿದ್ದರಂತೆ: ನಿಮ್ಮ ಹೆಸರು ಹೊಸ ಸಾಲಿನಲ್ಲಿ ಸೇರಿದೆಯಲ್ಲ, ಗೀಟು ಹೊಡೆದ ಹಳೆಯ ಸಾಲನ್ನು ಅಳಿಸಿಬಿಡಲೇ?

"ಇರ್ಲಿ ಬಿಡ್ರಿ ಅಂತ ಬರದೆ" ಎನ್ನುತ್ತಾರೆ ಮೌನಪ್ಪ. "ಪಟ್ಟಿಯಾಗ ನನ್ನ ಹೆಸರು ಎರಡು ಕಡೆ ಐತಿ. ಒಂದ್ಕ ಗೀಟು ಐತಿ, ಒಂದ್ಕ ಇಲ್ಲ. ಎರಡೂ ನಾನಽ ಬರೆಸಿದ್ದು. ಎರಡೂ ಖರೇ ಅದಾವ್ರಿ."